ಕಾಳುಮೆಣಸಿನ ರಾಣಿ

ಸಹ್ಯಾದ್ರಿಯ ನೆತ್ತಿಯಿಂದ ಜೋಗದಲ್ಲಿ ಧುಮುಕುವ ಶರಾವತಿಯು ದಟ್ಟವಾದ ಕಾಡುಗಳ ನಡುವೆ ಹರಿದು ಹೊನ್ನಾವರದ ಬಳಿ ಕಡಲನ್ನು ಸೇರುತ್ತದೆ. ಈ ನದಿಯ ಎಡದಂಡೆಯ ಸೀಮೆಯಲ್ಲಿಯೇ ಗಣಪತಿಯ ಕ್ಷೇತ್ರವಾದ ಇಡಗುಂಜಿ ಇದೆ. ನದಿಯ ಮೇಲುಭಾಗದಲ್ಲಿ ಗೇರುಸೊಪ್ಪೆ ಎಂಬ ಊರಿದೆ. ಇಂದು ಅಡವಿಯ ಮಡಿಲಲ್ಲಿ ಮೌನವಾಗಿರುವ ಈ ಸ್ಥಳವು ನಾಲ್ಕು ಶತಮಾನಗಳ ಹಿಂದೆ ಒಂದು ವೈಭವದ ರಾಜಧಾನಿಯಾಗಿತ್ತು. ಅಲ್ಲಿಂದ ರಾಜ್ಯವಾಳಿದವಳೇ ರಾಣಿ ಚೆನ್ನಭೈರಾದೇವಿ.

ಚೆನ್ನಭೈರಾದೇವಿಯು ಜೈನಧರ್ಮವನ್ನು ಅನುಸರಿಸುತ್ತಿದ್ದ ಸಾಳುವ ವಂಶದವಳು. ಈ ವಂಶದ ಒಂದು ಶಾಖೆಯು ನಗಿರೆ ರಾಜ್ಯದ ಗೇರುಸೊಪ್ಪೆಯಲ್ಲಿಯೂ, ಇನ್ನೊಂದು ಭಟ್ಕಳದ ಸಮೀಪದ ಹಾಡುವಳ್ಳಿಯಲ್ಲಿಯೂ ನೆಲೆಸಿದ್ದವು. ಎರಡು ಮನೆತನಗಳ ನಡುವೆ ನಿಕಟವಾದ ಬಾಂಧವ್ಯವಿತ್ತು. ಕರಾವಳಿಯ ಇತರ ಅರಸು ಮನೆತನಗಳಲ್ಲಿದ್ದಂತೆ ಇಲ್ಲಿಯೂ ಅಳಿಯಸಂತಾನ ಪದ್ಧತಿಯು ರೂಢಿಯಲ್ಲಿತ್ತು. ಅರಸನ ಅನಂತರ ಅವನ ಮಗನಿಗಲ್ಲ, ಸೋದರಿಯ ಸಂತಾನಕ್ಕೆ ರಾಜ್ಯವು ಸಲ್ಲುತ್ತಿತ್ತು. ಆದುದರಿಂದ ಈ ಮನೆತನಗಳಲ್ಲಿ ಸ್ತ್ರೀಯರಿಗೆ ವಿಶೇಷವಾದ ಸ್ಥಾನವಿದ್ದಿತು. ಹೆಣ್ಣುಮಕ್ಕಳು ಸಿಂಹಾಸನವೇರುವುದು ಅಚ್ಚರಿಯ ಸಂಗತಿಯಾಗಿರಲಿಲ್ಲ. ಚೆನ್ನಭೈರಾದೇವಿಯು ಸುಮಾರು 1552ರಿಂದ 1606ರವರೆಗೆ, ಅಂದರೆ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಆಳಿದಳೆಂದು ಇತಿಹಾಸಕಾರರು ಹೇಳುತ್ತಾರೆ. ಭಾರತದಲ್ಲಿ ಇಷ್ಟು ದೀರ್ಘಕಾಲ ಆಳಿದ ರಾಣಿಯರು ವಿರಳ.

ಅವಳ ರಾಜ್ಯದ ಸಂಪತ್ತೆಲ್ಲ ಕಾಳುಮೆಣಸಿನಲ್ಲಿತ್ತು. ಘಟ್ಟದ ತಪ್ಪಲಿನಲ್ಲಿ ಬೆಳೆದ ಮೆಣಸು ದೋಣಿಗಳಲ್ಲಿ ಹೊಳೆಯಿಳಿದು ಹೊನ್ನಾವರ, ಭಟ್ಕಳ, ಮಿರ್ಜಾನ ಮೊದಲಾದ ರೇವುಗಳಿಗೆ ಬರುತ್ತಿತ್ತು; ಅಲ್ಲಿಂದ ಅರಬ್ ದೇಶಗಳಿಗೂ ಯುರೋಪಿಗೂ ಹೋಗುತ್ತಿತ್ತು. ಅಕ್ಕಿ, ಶುಂಠಿಗಳೂ ಹಡಗೇರುತ್ತಿದ್ದವು. ಅರಬ್ಬೀ ಕುದುರೆಗಳು ಬಂದಿಳಿಯುತ್ತಿದ್ದವು. ಪೋರ್ಚುಗೀಸರು ಅವಳನ್ನು ಕಾಳುಮೆಣಸಿನ ರಾಣಿ ಎಂದೇ ಕರೆದರು. ಕುಮಟಾ ತಾಲೂಕಿನ ಅಘನಾಶಿನಿಯ ದಡದಲ್ಲಿರುವ ಮಿರ್ಜಾನ ಕೋಟೆಯನ್ನು ಅವಳೇ ಕಟ್ಟಿಸಿದಳೆಂದು ಪ್ರತೀತಿಯಿದೆ.

ಆದರೆ ಈ ಸಂಪತ್ತೇ ಶತ್ರುಗಳನ್ನೂ ತಂದಿತು. ಗೋವೆಯಲ್ಲಿ ನೆಲೆಯೂರಿದ್ದ ಪೋರ್ಚುಗೀಸರು ತಮ್ಮ ಪರವಾನಗಿಯಿಲ್ಲದೆ ಯಾವ ಹಡಗೂ ಕಡಲಿನಲ್ಲಿ ಸಂಚರಿಸಬಾರದೆಂದು ಕಟ್ಟಳೆ ಮಾಡಿದ್ದರು. ಒಪ್ಪದ ಬಂದರುಗಳನ್ನು ಸುಡುತ್ತಿದ್ದರು. 1542ರಲ್ಲಿ ಭಟ್ಕಳವು ಅವರ ಕೋಪಕ್ಕೆ ಗುರಿಯಾಗಿ ಬೆಂದುಹೋಗಿತ್ತು. ವಿಜಯನಗರದ ಆಸರೆಯಿದ್ದಷ್ಟು ಕಾಲ ಚಿಕ್ಕ ಅರಸರಿಗೆ ಒಂದು ಧೈರ್ಯವಿತ್ತು. 1565ರ ರಕ್ಕಸತಂಗಡಿ ಯುದ್ಧದಲ್ಲಿ ಆ ಸಾಮ್ರಾಜ್ಯವು ಮುರಿದುಬಿದ್ದಾಗ ರಾಣಿಯು ತನ್ನ ರಾಜ್ಯವನ್ನು ತಾನೇ ಕಾಪಾಡಿಕೊಳ್ಳಬೇಕಾಯಿತು.

1569ರಲ್ಲಿ ಪೋರ್ಚುಗೀಸರ ವೈಸರಾಯನಾದ ಲೂಯಿಸ್ ಡಿ ಅಟೈಡನು ನೌಕಾಬಲದೊಡನೆ ಬಂದು ಹೊನ್ನಾವರವನ್ನು ವಶಪಡಿಸಿಕೊಂಡನು. ನದಿಯ ಬಾಯಿಯೇ ಶತ್ರುವಿನ ಕೈಸೇರಿದಂತಾಯಿತು. ರಾಣಿ ಎದೆಗುಂದಲಿಲ್ಲ. ಬಿಜಾಪುರದ ಸುಲ್ತಾನ ಮತ್ತು ಕಲ್ಲಿಕೋಟೆಯ ಸಾಮೂದಿರಿ ಮೊದಲಾದವರು ಪೋರ್ಚುಗೀಸರ ವಿರುದ್ಧ ಒಂದುಗೂಡಿದಾಗ ಅವಳೂ ಅವರೊಡನೆ ಸೇರಿ 1570ರಲ್ಲಿ ಹೊನ್ನಾವರದ ಕೋಟೆಗೆ ಮುತ್ತಿಗೆ ಹಾಕಿದಳು. ಕೋಟೆ ಕೈವಶವಾಗಲಿಲ್ಲ, ಆದರೂ ಅವಳ ರಾಜ್ಯವು ಅಳಿಯಲಿಲ್ಲ. ಹೋರಾಡಬೇಕಾದಾಗ ಹೋರಾಡಿ, ವ್ಯಾಪಾರ ಮಾಡಬೇಕಾದಾಗ ಮೆಣಸನ್ನು ಮಾರಿ, ಬಲಿಷ್ಠರ ನಡುವೆ ಅವಳು ಜಾಣ್ಮೆಯಿಂದ ಬಾಳಿದಳು.

ಧರ್ಮದ ವಿಷಯದಲ್ಲಿ ರಾಣಿಯದು ಉದಾರ ಮನಸ್ಸು. 1560ರಲ್ಲಿ ಗೋವೆಯಲ್ಲಿ ಮತವಿಚಾರಣೆಯ ನ್ಯಾಯಾಲಯವು ಸ್ಥಾಪನೆಯಾದ ಮೇಲೆ ನೊಂದು ದಕ್ಷಿಣಕ್ಕೆ ಬಂದ ಕುಟುಂಬಗಳಿಗೆ ಅವಳು ಆಶ್ರಯವಿತ್ತಳೆಂದು ಜನ ಈಗಲೂ ಸ್ಮರಿಸುತ್ತಾರೆ. ಅವಳ ಕಾಲದಲ್ಲಿ ವಿದ್ಯೆಗೂ ಪುರಸ್ಕಾರವಿತ್ತು. ಹಾಡುವಳ್ಳಿಯ ಜೈನಮಠದ ಶಿಷ್ಯನಾದ ಭಟ್ಟಾಕಳಂಕನು 1604ರಲ್ಲಿ ಕರ್ಣಾಟಕ ಶಬ್ದಾನುಶಾಸನವೆಂಬ ಕನ್ನಡ ವ್ಯಾಕರಣವನ್ನು ಸಂಸ್ಕೃತ ಸೂತ್ರಗಳಲ್ಲಿ ರಚಿಸಿದನು.

ಪರಕೀಯರಿಂದ ಆಗದ ಕಾರ್ಯವು ಕಡೆಗೆ ನೆರೆಯವರಿಂದಾಯಿತು. ಘಟ್ಟದ ಮೇಲಿನ ಕೆಳದಿಯ ಅರಸನಾದ ವೆಂಕಟಪ್ಪನಾಯಕನಿಗೆ ಕಡಲಿನ ದಾರಿಯೂ ಮೆಣಸಿನ ನಾಡೂ ಬೇಕಾಗಿದ್ದವು. ಅವನು ಗೇರುಸೊಪ್ಪೆಯ ಮೇಲೆ ದಂಡೆತ್ತಿ ಬಂದನು. ವೃದ್ಧೆಯಾಗಿದ್ದ ರಾಣಿಯು ಸೋತು ಸೆರೆಯಾದಳು. ಸೆರೆಯಲ್ಲಿಯೇ ಅವಳ ಜೀವನವು ಕೊನೆಗೊಂಡಿತು. 1623ರಲ್ಲಿ ಆ ಮಾರ್ಗವಾಗಿ ಹೋದ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಲ್ಲೆಯು ಅರಮನೆ ಕುಸಿದು, ಬೀದಿಗಳಲ್ಲಿ ಮರಗಳು ಬೆಳೆದಿದ್ದುದನ್ನು ಕಂಡನು. ರಾಣಿ ನಂಬಿದವನೇ ಅವಳಿಗೆ ದ್ರೋಹ ಬಗೆದನೆಂಬ ಕಥೆಯನ್ನು ಕೇಳಿ ಬರೆದಿಟ್ಟನು.

ವಿಧಿಯ ಆಟ ವಿಚಿತ್ರವಾದುದು. ರಾಣಿಗೆ ದಕ್ಕದ ಹೊನ್ನಾವರದ ಕೋಟೆಯನ್ನು 1650ರ ದಶಕದಲ್ಲಿ ಪೋರ್ಚುಗೀಸರಿಂದ ಗೆದ್ದುಕೊಂಡವನು ಅದೇ ಕೆಳದಿಯ ಶಿವಪ್ಪನಾಯಕ. ಈ ಎರಡು ರಾಜ್ಯಗಳು ಒಂದಾಗಿ ನಿಂತಿದ್ದರೆ ಕರಾವಳಿಯ ಇತಿಹಾಸವೇ ಬೇರೆಯಾಗುತ್ತಿತ್ತೋ ಏನೋ! ಇಂದು ಗೇರುಸೊಪ್ಪೆಯ ನಗರಬಸ್ತಿಕೇರಿಯಲ್ಲಿ ಚತುರ್ಮುಖ ಬಸದಿಯೊಂದು ಕಾಡಿನ ನಡುವೆ ನಿಂತಿದೆ. ನಾಲ್ಕು ದಿಕ್ಕಿಗೂ ಬಾಗಿಲು ತೆರೆದಿರುವ ಆ ಕಲ್ಲಿನ ಮಂದಿರವು, ಅಳಿದುಹೋದ ನಗರವನ್ನೂ ಅದನ್ನು ಅರ್ಧ ಶತಮಾನ ಕಾಪಾಡಿದ ರಾಣಿಯನ್ನೂ ನೋಡುಗರ ನೆನಪಿಗೆ ತರುತ್ತದೆ.