ಛಲಗಾರ ಜಾನಿ ಯುನೈಟಸ್

ಅಮೆರಿಕ ಸಂಯುಕ್ತ ಸಂಸ್ಥಾನದ ಪೆನ್ಸಿಲ್ವೇನಿಯಾ ಪ್ರಾಂತ್ಯದಲ್ಲಿರುವ ಪಿಟ್ಸ್‌ಬರ್ಗ್ ಕಲ್ಲಿದ್ದಲಿಗೂ ಉಕ್ಕಿಗೂ ಹೆಸರಾದ ನಗರ. ಅಲ್ಲಿನ ದುಡಿಯುವ ಜನರ ನಡುವೆ, ಲಿಥುವೇನಿಯಾ ದೇಶದಿಂದ ವಲಸೆ ಬಂದ ಮನೆತನವೊಂದರಲ್ಲಿ, 1933ನೆಯ ಇಸವಿ ಮೇ ತಿಂಗಳ 7ರಂದು ಜಾನ್ ಕಾನ್‌ಸ್ಟಂಟೈನ್ ಯುನೈಟಸ್ ಜನಿಸಿದನು. ಮುಂದೆ ಜಗತ್ತು ಅವನನ್ನು ಜಾನಿ ಯುನೈಟಸ್ ಎಂದೇ ಕರೆಯಿತು. ಅವನ ತಂದೆ ಮನೆಮನೆಗೆ ಕಲ್ಲಿದ್ದಲು ಸಾಗಿಸುವ ಸಣ್ಣ ವ್ಯಾಪಾರ ನಡೆಸುತ್ತಿದ್ದನು. ಜಾನಿಗೆ ಐದು ವರ್ಷವಾಗಿದ್ದಾಗ ತಂದೆ ನ್ಯುಮೋನಿಯ ತಗುಲಿ ತೀರಿಕೊಂಡನು. ನಾಲ್ಕು ಮಕ್ಕಳನ್ನು ಸಲಹುವ ಭಾರವೆಲ್ಲ ತಾಯಿ ಹೆಲನ್‌ಳ ಮೇಲೆ ಬಿದ್ದಿತು.

ಆ ತಾಯಿ ಧೈರ್ಯಗೆಡಲಿಲ್ಲ. ಹಗಲು ಕಲ್ಲಿದ್ದಲಿನ ವ್ಯಾಪಾರವನ್ನು ನೋಡಿಕೊಂಡಳು. ರಾತ್ರಿ ಕಚೇರಿಗಳ ನೆಲ ಗುಡಿಸಿ ಒರೆಸುವ ಕೆಲಸಕ್ಕೆ ಹೋದಳು. ಅದರ ನಡುವೆಯೇ ಲೆಕ್ಕಪತ್ರ ಬರೆಯುವ ವಿದ್ಯೆಯನ್ನು ಕಲಿತು ಉದ್ಯೋಗ ಸಂಪಾದಿಸಿದಳು. ಮಕ್ಕಳೂ ಕೈಲಾದ ಮಟ್ಟಿಗೆ ದುಡಿದರು. ಬಾಲಕ ಜಾನಿ ಸಲಿಕೆ ಹಿಡಿದು ಕಲ್ಲಿದ್ದಲನ್ನು ತುಂಬುತ್ತಿದ್ದನು. ಕಷ್ಟ ಬಂದಾಗ ಗೊಣಗದೆ ಮುಂದಿನ ಕೆಲಸಕ್ಕೆ ಕೈಹಾಕಬೇಕೆಂಬ ಪಾಠವನ್ನು ಅವನು ಪುಸ್ತಕದಿಂದ ಓದಿ ತಿಳಿಯಲಿಲ್ಲ. ತಾಯಿಯನ್ನು ನೋಡಿ ತಿಳಿದನು.

ಯುನೈಟಸ್‌ನಿಗೆ ಕೀರ್ತಿಯನ್ನು ತಂದ ಆಟ ಅಮೆರಿಕನ್ ಫುಟ್‌ಬಾಲ್. ಇದು ನಾವು ಆಡುವ ಕಾಲ್ಚೆಂಡಾಟಕ್ಕಿಂತ ತೀರ ಬೇರೆಯಾದದ್ದು. ಇದರ ಚೆಂಡು ದುಂಡಗಿರುವುದಿಲ್ಲ. ಎರಡು ತುದಿಗಳೂ ಚೂಪಾಗಿ ನೀಳವಾಗಿರುತ್ತದೆ. ಅದನ್ನು ಕೈಯಲ್ಲಿ ಹಿಡಿದು ಓಡಬಹುದು, ಎಸೆಯಲೂಬಹುದು. ಮೈದಾನದ ಉದ್ದ ನೂರು ಗಜ. ಒಂದೊಂದು ತಂಡದಲ್ಲಿ ಹನ್ನೊಂದು ಮಂದಿ ಕಣಕ್ಕಿಳಿಯುತ್ತಾರೆ. ಚೆಂಡು ಪಡೆದ ತಂಡ ನಾಲ್ಕು ಯತ್ನಗಳೊಳಗೆ ಹತ್ತು ಗಜವಾದರೂ ಮುಂದುವರಿಯಬೇಕು. ಇಲ್ಲವಾದರೆ ಚೆಂಡು ಎದುರಾಳಿಗಳ ಪಾಲಾಗುತ್ತದೆ. ಎದುರಾಳಿಯ ಕೊನೆಯ ಗೆರೆಯನ್ನು ದಾಟಿಸಿದರೆ ಆರು ಅಂಕ. ಅದಕ್ಕೆ ಟಚ್‌ಡೌನ್ ಎಂದು ಹೆಸರು. ಚೆಂಡನ್ನು ಒದ್ದು ಗೋಲುಕಂಬಗಳ ನಡುವೆ ಹಾಯಿಸಿದರೆ ಮೂರು ಅಂಕ.

ಈ ಆಟದಲ್ಲಿ ತಂಡವನ್ನು ನಡೆಸುವವನೇ ಕ್ವಾರ್ಟರ್‌ಬ್ಯಾಕ್. ಪ್ರತಿ ಯತ್ನದಲ್ಲಿಯೂ ಚೆಂಡು ಮೊದಲು ಅವನ ಕೈಗೆ ಬರುತ್ತದೆ. ಯಾರು ಓಡಬೇಕು, ಯಾರಿಗೆ ಎಸೆಯಬೇಕು ಎಂಬುದನ್ನು ಅವನು ಎರಡು ಮೂರು ಕ್ಷಣಗಳಲ್ಲಿ ನಿರ್ಧರಿಸಬೇಕು. ಅಷ್ಟರೊಳಗೆ ಎದುರು ತಂಡದ ದೈತ್ಯಕಾಯರು ಅವನನ್ನು ನೆಲಕ್ಕೆ ಕೆಡಹಲು ನುಗ್ಗಿ ಬರುತ್ತಿರುತ್ತಾರೆ. ಆದ್ದರಿಂದ ಕ್ವಾರ್ಟರ್‌ಬ್ಯಾಕ್‌ನಿಗೆ ತೋಳ್ಬಲವಿದ್ದರೆ ಸಾಲದು. ಸ್ಥಿರವಾದ ಬುದ್ಧಿಯೂ ಅಂಜದ ಎದೆಯೂ ಬೇಕು.

ಶಾಲೆಯ ತಂಡದಲ್ಲಿ ಯುನೈಟಸ್ ಚೆನ್ನಾಗಿ ಆಡುತ್ತಿದ್ದನು. ಆದರೆ ಅವನ ಮೈಕಟ್ಟು ತೆಳುವಾಗಿತ್ತು. ಇಷ್ಟು ಸಣ್ಣ ಹುಡುಗ ಪೆಟ್ಟು ತಾಳಲಾರನೆಂದು ಪ್ರಸಿದ್ಧವಾದ ನಾಟರ್ ಡೇಮ್ ವಿಶ್ವವಿದ್ಯಾನಿಲಯದವರು ಅವನನ್ನು ಬೇಡವೆಂದರು. ತನ್ನ ಊರಿನ ಪಿಟ್ಸ್‌ಬರ್ಗ್ ವಿಶ್ವವಿದ್ಯಾನಿಲಯದ ಪ್ರವೇಶ ಪರೀಕ್ಷೆಯಲ್ಲಿ ಅವನು ಉತ್ತೀರ್ಣನಾಗಲಿಲ್ಲ. ಕಡೆಗೆ ಕೆಂಟಕಿ ಪ್ರಾಂತ್ಯದ ಲೂಯಿವಿಲ್ ವಿಶ್ವವಿದ್ಯಾನಿಲಯ ಅವನನ್ನು ಸೇರಿಸಿಕೊಂಡಿತು. ಅಲ್ಲಿ 1951ರಿಂದ 1954ರವರೆಗೆ ಆಡಿದನು. ಆ ತಂಡ ಬಲಿಷ್ಠವಾದುದಲ್ಲ. ಆಟಗಾರರು ಕಡಿಮೆಯಾದುದರಿಂದ ದಾಳಿಯಲ್ಲಿಯೂ ರಕ್ಷಣೆಯಲ್ಲಿಯೂ ಅವನೇ ನಿಲ್ಲಬೇಕಾಗುತ್ತಿತ್ತು. ತಂಡ ಸೋತ ದಿನಗಳಲ್ಲಿ ಕೂಡ ಅವನ ಆಟದ ಹದ ಕೆಡಲಿಲ್ಲ.

1955ರಲ್ಲಿ ಪಿಟ್ಸ್‌ಬರ್ಗ್ ಸ್ಟೀಲರ್ಸ್ ಎಂಬ ವೃತ್ತಿಪರ ತಂಡ ಅವನನ್ನು ಒಂಬತ್ತನೆಯ ಸುತ್ತಿನಲ್ಲಿ ಆರಿಸಿಕೊಂಡಿತು. ಹುಟ್ಟಿದ ಊರಿನ ತಂಡದಲ್ಲಿಯೇ ಆಡುವ ಭಾಗ್ಯ ಒದಗಿತೆಂದು ಅವನು ಹಿಗ್ಗಿದನು. ಆ ಹಿಗ್ಗು ಹೆಚ್ಚು ದಿನ ಉಳಿಯಲಿಲ್ಲ. ತಂಡದಲ್ಲಿ ಕ್ವಾರ್ಟರ್‌ಬ್ಯಾಕ್‌ಗಳು ನಾಲ್ವರಿದ್ದರು. ಋತುವಿಗೆ ಮುಂಚಿನ ಅಭ್ಯಾಸ ಪಂದ್ಯಗಳಲ್ಲಿ ಒಂದು ಬಾರಿಯೂ ಅವನನ್ನು ಕಣಕ್ಕಿಳಿಸದೆ, ಅವನ ಆಟವನ್ನು ಕಾಣದೆಯೇ, ತಂಡದಿಂದ ಬಿಟ್ಟುಬಿಟ್ಟರು.

ಆಗ ಅವನಿಗೆ ಇಪ್ಪತ್ತೆರಡು ವರ್ಷ. ಮದುವೆಯಾಗಿ ಸಂಸಾರದ ಹೊಣೆಯನ್ನು ಹೊತ್ತಿದ್ದನು. ಹೊಟ್ಟೆಪಾಡಿಗಾಗಿ ಕಟ್ಟಡ ಕೆಲಸಕ್ಕೆ ಸೇರಿ, ನೆಲಕ್ಕೆ ಕಂಬ ಇಳಿಸುವವರ ಗುಂಪಿನಲ್ಲಿ ದುಡಿದನು. ಆದರೆ ಆಟವನ್ನು ಬಿಡಲಿಲ್ಲ. ಪಿಟ್ಸ್‌ಬರ್ಗಿನ ಬ್ಲೂಮ್‌ಫೀಲ್ಡ್ ರಾಮ್ಸ್ ಎಂಬ ಸಣ್ಣ ತಂಡದಲ್ಲಿ ಪಂದ್ಯಕ್ಕೆ ಆರು ಡಾಲರಿನಂತೆ ಆಡತೊಡಗಿದನು. ಹುಲ್ಲಿಲ್ಲದ, ಧೂಳೆದ್ದ, ಗಾಜಿನ ಚೂರುಗಳು ಚೆಲ್ಲಿದ ಬಯಲೇ ಅವರ ಮೈದಾನ. ಸಿಗುವ ಹಣ ಅಲ್ಪ; ನೋಡುವ ಕಣ್ಣುಗಳೂ ಅಲ್ಪ. ಆದರೂ ಮುಂದಿನ ಋತುವಿನಲ್ಲಿ ಯಾರಾದರೂ ಕರೆದರೆ ತೋಳು ಸಿದ್ಧವಾಗಿರಬೇಕೆಂಬುದೇ ಅವನ ಲೆಕ್ಕ.

ಕರೆ ಬಂದಿತು. ಮೇರಿಲೆಂಡ್ ಪ್ರಾಂತ್ಯದ ಬಾಲ್ಟಿಮೋರ್ ಕೋಲ್ಟ್ಸ್ ತಂಡದ ತರಬೇತುದಾರ ವೀಬ್ ಯೂಬ್ಯಾಂಕ್ 1956ರಲ್ಲಿ ಅವನನ್ನು ಪರೀಕ್ಷಿಸಿ ನೋಡಿ, ವರ್ಷಕ್ಕೆ 7,000 ಡಾಲರಿನ ಒಪ್ಪಂದಕ್ಕೆ ಸೇರಿಸಿಕೊಂಡನು. ಮೊದಲಿಗೆ ಅವನ ಸ್ಥಾನ ಕಾದು ಕುಳಿತ ಬದಲಿ ಆಟಗಾರನದು. ಅಕ್ಟೋಬರ್ ತಿಂಗಳಲ್ಲಿ ಷಿಕಾಗೊ ಬೇರ್ಸ್ ತಂಡದೊಡನೆ ಆಡುವಾಗ ಮುಖ್ಯ ಕ್ವಾರ್ಟರ್‌ಬ್ಯಾಕ್ ಜಾರ್ಜ್ ಷಾನ ಕಾಲಿಗೆ ಬಲವಾದ ಪೆಟ್ಟು ಬಿದ್ದಿತು. ಯುನೈಟಸ್ ಕಣಕ್ಕಿಳಿದನು. ಅಂದಿನ ಅವನ ಮೊದಲ ಎಸೆತವನ್ನೇ ಎದುರಾಳಿಯೊಬ್ಬ ಹಿಡಿದು, ಓಡಿಹೋಗಿ, ಟಚ್‌ಡೌನ್ ಗಳಿಸಿದನು. ಮುಂದಿನ ಯತ್ನದಲ್ಲಿ ಚೆಂಡು ಕೈಜಾರಿ ಎದುರಾಳಿಗಳಿಗೆ ದೊರೆಯಿತು. ಕೋಲ್ಟ್ಸ್ ತಂಡ 58–27 ಅಂಕಗಳಿಂದ ಸೋತಿತು. ಇಂಥ ಆರಂಭ ಎಂಥವನ ಎದೆಯನ್ನಾದರೂ ಕುಗ್ಗಿಸಬಹುದಾಗಿತ್ತು. ಯುನೈಟಸ್ ಮಾತ್ರ ಆದ ತಪ್ಪನ್ನು ಅಲ್ಲಿಗೇ ಬಿಟ್ಟು, ಮುಂದಿನ ಪಂದ್ಯದಲ್ಲಿ ಗ್ರೀನ್ ಬೇ ತಂಡದ ಮೇಲೆ ಗೆಲುವನ್ನು ತಂದುಕೊಟ್ಟನು. ಅಲ್ಲಿಂದ ಮುಂದೆ ಆ ಸ್ಥಾನ ಅವನದಾಯಿತು. ಮರುವರ್ಷವೇ ದೇಶದ ಅತ್ಯುತ್ತಮ ಆಟಗಾರನೆಂಬ ಪ್ರಶಸ್ತಿ ಅವನಿಗೆ ಸಂದಿತು.

ಈ ಏಳಿಗೆಯ ಹಿಂದೆ ಎಡೆಬಿಡದ ಸಾಧನೆಯಿತ್ತು. ತಂಡದಲ್ಲಿ ರೇಮಂಡ್ ಬೆರ್ರಿ ಎಂಬ ಆಟಗಾರನಿದ್ದನು. ಅವನ ದೃಷ್ಟಿ ಮಂದ. ಓಟವೂ ಅಷ್ಟೇನೂ ಚುರುಕಲ್ಲ. ಉಳಿದವರು ಅಭ್ಯಾಸ ಮುಗಿಸಿ ಹೊರಟ ಮೇಲೆಯೂ ಇವರಿಬ್ಬರು ಮೈದಾನದಲ್ಲಿ ಉಳಿಯುತ್ತಿದ್ದರು. ಬೆರ್ರಿ ಎಷ್ಟು ಹೆಜ್ಜೆಗೆ ಎಲ್ಲಿ ತಿರುಗುವನೆಂಬುದು ಯುನೈಟಸ್‌ನಿಗೆ ಕರಗತವಾಯಿತು. ಬೆರ್ರಿ ತಿರುಗುವ ಮೊದಲೇ ಚೆಂಡು ಗಾಳಿಯಲ್ಲಿರುತ್ತಿತ್ತು. ಅವನು ತಿರುಗಿದಾಗ ಕೈಗೆ ಬಂದು ಸೇರುತ್ತಿತ್ತು. ನೋಡುವವರಿಗೆ ಇದು ಚಮತ್ಕಾರವಾಗಿ ಕಾಣುತ್ತಿತ್ತು. ಆದರೆ ಅದು ಸಾವಿರ ಬಾರಿ ಮಾಡಿ ತಿದ್ದಿಕೊಂಡ ಕೆಲಸ.

1958ರ ನವೆಂಬರಿನಲ್ಲಿ ನಡೆದ ಪಂದ್ಯವೊಂದರಲ್ಲಿ ಯುನೈಟಸ್‌ನ ಪಕ್ಕೆಲುಬುಗಳು ಮುರಿದು ಶ್ವಾಸಕೋಶಕ್ಕೆ ಗಾಯವಾಯಿತು. ಎರಡು ಪಂದ್ಯಗಳನ್ನು ತಪ್ಪಿಸಿಕೊಂಡು, ಎದೆಗೆ ಕವಚ ಬಿಗಿದು ಅವನು ಮರಳಿ ಬಂದನು. ಬಂದ ದಿನದ ಮೊದಲ ಯತ್ನದಲ್ಲಿಯೇ ಲೆನ್ನಿ ಮೂರ್‌ನಿಗೆ 58 ಗಜದ ಟಚ್‌ಡೌನ್ ಎಸೆತವನ್ನು ಎಸೆದನು. ಕೋಲ್ಟ್ಸ್ ತಂಡ ಆ ವರ್ಷ ಅಂತಿಮ ಪಂದ್ಯವನ್ನು ಮುಟ್ಟಿತು.

ಆ ಅಂತಿಮ ಪಂದ್ಯ 1958ರ ಡಿಸೆಂಬರ್ 28ರಂದು ನ್ಯೂಯಾರ್ಕಿನ ಯಾಂಕಿ ಕ್ರೀಡಾಂಗಣದಲ್ಲಿ ನಡೆಯಿತು. ಎದುರಾಳಿ ನ್ಯೂಯಾರ್ಕ್ ಜಯಂಟ್ಸ್ ತಂಡ. ಕೋಟ್ಯಂತರ ಜನ ದೂರದರ್ಶನದಲ್ಲಿ ಅದನ್ನು ನೋಡುತ್ತಿದ್ದರು. ಅರ್ಧ ಆಟ ಮುಗಿದಾಗ ಬಾಲ್ಟಿಮೋರಿಗೆ 14, ನ್ಯೂಯಾರ್ಕಿಗೆ 3 ಅಂಕಗಳಿದ್ದವು. ಬಳಿಕ ಜಯಂಟ್ಸ್ ಚೇತರಿಸಿಕೊಂಡು 17–14ರಲ್ಲಿ ಮುಂದಾದರು. ಆಟ ಮುಗಿಯಲು ಎರಡು ನಿಮಿಷಕ್ಕೂ ಕಡಿಮೆ ಉಳಿದಾಗ ಚೆಂಡು ಕೋಲ್ಟ್ಸ್ ಕೈಗೆ ಬಂದಿತು. ಎದುರಾಳಿಯ ಕೊನೆಯ ಗೆರೆ ಇನ್ನೂ 86 ಗಜ ದೂರವಿತ್ತು. ಚಳಿಯ ಸಂಜೆ, ದೀಪಗಳು ಬೆಳಗಿದ್ದವು. ಯುನೈಟಸ್‌ನ ಮುಖದಲ್ಲಿ ಅವಸರವಾಗಲಿ ಅಳುಕಾಗಲಿ ಕಾಣಲಿಲ್ಲ. ಮೂರು ಬಾರಿ ಬೆನ್ನುಬೆನ್ನಿಗೆ ಬೆರ್ರಿಗೇ ಎಸೆದನು. ಮೂರೂ ಬಾರಿ ಬೆರ್ರಿ ಹಿಡಿದನು. ಆ ಮೂರು ಎಸೆತಗಳಿಂದಲೇ ತಂಡ 62 ಗಜ ಮುಂದುವರಿಯಿತು. ಆಟ ಮುಗಿಯಲು ಏಳು ಕ್ಷಣಗಳಿದ್ದಾಗ ಸ್ಟೀವ್ ಮೈರಾ ಚೆಂಡನ್ನು ಕಂಬಗಳ ನಡುವೆ ಒದ್ದು 17–17ರ ಸಮಬಲ ಸಾಧಿಸಿದನು.

ಈ ಅಂತಿಮ ಪಂದ್ಯದ ಇತಿಹಾಸದಲ್ಲಿಯೇ ಮೊದಲ ಬಾರಿಗೆ ಹೆಚ್ಚುವರಿ ಆಟ ನಡೆಯಬೇಕಾಯಿತು. ಮೊದಲು ಅಂಕ ಗಳಿಸಿದವರಿಗೇ ಗೆಲುವು. ಜಯಂಟ್ಸ್ ಮೊದಲ ಅವಕಾಶವನ್ನು ಕಳೆದುಕೊಂಡರು. ಯುನೈಟಸ್ ತನ್ನ ತಂಡವನ್ನು 80 ಗಜ ದೂರ ನಡೆಸಿದನು. ಎದುರಾಳಿಯ ಗೆರೆ ಹತ್ತಿರವಾದಾಗ ಚೆಂಡನ್ನು ಒದ್ದು ಮೂರು ಅಂಕ ಪಡೆದರೆ ಸಾಕಾಗಿತ್ತು. ಎಸೆದ ಚೆಂಡು ಎದುರಾಳಿಗೆ ಸಿಕ್ಕಿದರೆ ಎಲ್ಲವೂ ಮಣ್ಣುಪಾಲಾಗುವ ಸಮಯ. ಆದರೂ ಯುನೈಟಸ್ ರಕ್ಷಣೆಯಲ್ಲಿದ್ದ ತೆರವನ್ನು ಗುರುತಿಸಿ, ಜಿಮ್ ಮಚೆಲರ್‌ನಿಗೆ ಚೆಂಡನ್ನು ಎಸೆದನು. ಗೆರೆಗೆ ಒಂದೇ ಗಜ ಉಳಿಯಿತು. ಮರುಯತ್ನದಲ್ಲಿ ಅಲನ್ ಅಮೀಚಿ ಚೆಂಡು ಹಿಡಿದು ಗೆರೆಯೊಳಗೆ ನುಗ್ಗಿದನು. 23–17 ಅಂಕಗಳಿಂದ ಬಾಲ್ಟಿಮೋರ್ ಗೆದ್ದಿತು. ಅಂದಿನಿಂದ ಈ ಆಟದ ಜನಪ್ರಿಯತೆ ಅಮೆರಿಕದ ಉದ್ದಗಲಕ್ಕೂ ಹಬ್ಬಿತು. ಮೂರು ವರ್ಷಗಳ ಹಿಂದೆ ಆರು ಡಾಲರಿಗೆ ಆಡುತ್ತಿದ್ದ ಯುವಕ ಮನೆಮಾತಾದನು. 1959ರ ಅಂತಿಮ ಪಂದ್ಯದಲ್ಲಿಯೂ ಕೋಲ್ಟ್ಸ್ ಅದೇ ಜಯಂಟ್ಸ್ ತಂಡವನ್ನು ಸೋಲಿಸಿದರು.

1956ರ ಡಿಸೆಂಬರಿನಿಂದ 1960ರ ಡಿಸೆಂಬರಿನವರೆಗೆ ಯುನೈಟಸ್ ಆಡಿದ 47 ಪಂದ್ಯಗಳಲ್ಲಿ ಸತತವಾಗಿ, ಒಂದನ್ನೂ ಬಿಡದಂತೆ, ಟಚ್‌ಡೌನ್ ಎಸೆತಗಳನ್ನು ಎಸೆದನು. ಈ ದಾಖಲೆ 2012ರಲ್ಲಿ ಡ್ರೂ ಬ್ರೀಸ್ ಅದನ್ನು ಮೀರಿಸುವವರೆಗೆ ಐವತ್ತೆರಡು ವರ್ಷ ಅಚಲವಾಗಿ ನಿಂತಿತ್ತು. ಗಿಡ್ಡ ಕೂದಲು, ಕಣಕಾಲು ಮುಚ್ಚುವ ಕಪ್ಪು ಬೂಟುಗಳು, ಬೆನ್ನಿನ ಮೇಲೆ 19ರ ಅಂಕಿ, ಸ್ವಲ್ಪ ಬಾಗಿದ ಭುಜಗಳು: ಇದು ಬಾಲ್ಟಿಮೋರಿನ ಮಕ್ಕಳೆಲ್ಲರಿಗೂ ಪರಿಚಿತವಾದ ರೂಪ. ಗೆದ್ದಾಗ ಅವನು ಕುಣಿದಾಡುತ್ತಿರಲಿಲ್ಲ. ಕೆಲಸ ಮುಗಿಸಿದ ಕೂಲಿಕಾರನಂತೆ ತಲೆತಗ್ಗಿಸಿ ಮೈದಾನದಿಂದ ನಡೆದುಬಿಡುತ್ತಿದ್ದನು.

ಕಾಲ ಯಾರನ್ನೂ ಬಿಡುವುದಿಲ್ಲ. 1968ರ ಋತುವಿನ ಆರಂಭದಲ್ಲಿ ಯುನೈಟಸ್‌ನ ಬಲಮೊಣಕೈಗೆ ತೀವ್ರವಾದ ಪೆಟ್ಟಾಯಿತು. ಅವನ ಸ್ಥಾನದಲ್ಲಿ ಅರ್ಲ್ ಮೊರಾಲ್ ಆಡಿ ತಂಡವನ್ನು ಸೂಪರ್ ಬೌಲ್ ಎಂಬ ಮಹಾಪಂದ್ಯಕ್ಕೆ ಒಯ್ದನು. 1969ರ ಜನವರಿಯಲ್ಲಿ ನಡೆದ ಆ ಪಂದ್ಯದಲ್ಲಿ ಕೋಲ್ಟ್ಸ್ ನ್ಯೂಯಾರ್ಕ್ ಜೆಟ್ಸ್ ತಂಡಕ್ಕೆ 16–7ರಲ್ಲಿ ಸೋತರು. ಹಿಂದೆ ಯುನೈಟಸ್‌ನನ್ನು ಬೆಳಕಿಗೆ ತಂದ ಯೂಬ್ಯಾಂಕನೇ ಆಗ ಜೆಟ್ಸ್ ತಂಡದ ತರಬೇತುದಾರ! ಆಟದ ಕೊನೆಯ ಭಾಗದಲ್ಲಿ ನೋಯುವ ತೋಳಿನೊಡನೆ ಕಣಕ್ಕಿಳಿದ ಯುನೈಟಸ್‌ನ ಮುಂದಾಳುತನದಲ್ಲಿಯೇ ತಂಡದ ಏಕೈಕ ಟಚ್‌ಡೌನ್ ಬಂದಿತು. ಎರಡು ವರ್ಷಗಳ ಬಳಿಕ, 1971ರ ಜನವರಿಯಲ್ಲಿ, ಡಲ್ಲಾಸ್ ಕೌಬಾಯ್ಸ್ ತಂಡವನ್ನು 16–13ರಲ್ಲಿ ಸೋಲಿಸಿ ಕೋಲ್ಟ್ಸ್ ಸೂಪರ್ ಬೌಲ್ ಗೆದ್ದರು. ಅಂದು ಯುನೈಟಸ್ 75 ಗಜದ ಟಚ್‌ಡೌನ್ ಎಸೆತವೊಂದನ್ನು ಎಸೆದು, ಬಳಿಕ ಪಕ್ಕೆಗೆ ಪೆಟ್ಟು ಬಿದ್ದು ಹೊರಬಂದನು. ಉಳಿದ ಆಟವನ್ನು ಮೊರಾಲ್ ಮುಗಿಸಿದನು.

1973ರಲ್ಲಿ ಅವನನ್ನು ಸ್ಯಾನ್ ಡಿಯಾಗೊ ಚಾರ್ಜರ್ಸ್ ತಂಡಕ್ಕೆ ಮಾರಲಾಯಿತು. ಅಲ್ಲಿ ಒಂದು ಋತು ಆಡಿ 1974ರಲ್ಲಿ ನಿವೃತ್ತನಾದನು. ಹದಿನೆಂಟು ಋತುಗಳಲ್ಲಿ ಅವನ ಎಸೆತಗಳು ಗಳಿಸಿದ್ದು 40,239 ಗಜ; ನಲವತ್ತು ಸಾವಿರ ಗಜವನ್ನು ದಾಟಿದವರಲ್ಲಿ ಅವನೇ ಮೊದಲಿಗ. 290 ಟಚ್‌ಡೌನ್‌ಗಳು ಅವನ ತೋಳಿನಿಂದ ಬಂದವು. 253 ಎಸೆತಗಳನ್ನು ಎದುರಾಳಿಗಳು ಹಿಡಿದರೆಂಬುದನ್ನೂ ಮರೆಯಬಾರದು. ತಪ್ಪಿದ ಎಸೆತಕ್ಕೆ ಅಂಜಿ ಮುಂದಿನ ಎಸೆತವನ್ನು ನಿಲ್ಲಿಸದವನಿಗೆ ಮಾತ್ರ ಇಂಥ ಮೊತ್ತ ಸಾಧ್ಯ. 1979ರಲ್ಲಿ ಈ ಆಟದ ಕೀರ್ತಿಮಂದಿರದಲ್ಲಿ ಅವನಿಗೆ ಸ್ಥಾನ ದೊರೆಯಿತು.

ನಿವೃತ್ತಿಯ ದಿನಗಳು ಸುಖದವಾಗಿರಲಿಲ್ಲ. ಕೈಹಾಕಿದ ವ್ಯಾಪಾರಗಳು ಕೈಗೂಡದೆ 1991ರಲ್ಲಿ ದಿವಾಳಿಯಾಗಬೇಕಾಯಿತು. ಹಳೆಯ ಪೆಟ್ಟುಗಳು ಮರಳಿ ಕಾಡಿದವು. ಮೊಣಕಾಲುಗಳಿಗೆ ಕೃತಕ ಕೀಲುಗಳನ್ನು ಅಳವಡಿಸಿದರು, ಹೃದಯಕ್ಕೆ ಶಸ್ತ್ರಚಿಕಿತ್ಸೆಯಾಯಿತು. ಎಲ್ಲಕ್ಕಿಂತ ದುಃಖದ ಸಂಗತಿ ಅವನ ಬಲಗೈಯದು. ಲಕ್ಷಾಂತರ ಜನರನ್ನು ಬೆರಗುಗೊಳಿಸಿದ ಆ ಕೈಯ ಬೆರಳುಗಳು ಶಕ್ತಿಗುಂದಿ, ಗಾಲ್ಫ್ ಕೋಲನ್ನು ಹಿಡಿಯಬೇಕಾದರೂ ಪಟ್ಟಿಯಿಂದ ಬಿಗಿದುಕೊಳ್ಳಬೇಕಾಯಿತು. ಅಂಗವಿಕಲತೆಗಾಗಿ ಅವನು ಕೇಳಿದ ನೆರವನ್ನು ಆಟಗಾರರ ನಿವೃತ್ತಿವೇತನ ಮಂಡಳಿ ಕೊಡಲೊಪ್ಪಲಿಲ್ಲ. ಪ್ರೇಕ್ಷಕರ ಕರತಾಡನಕ್ಕಾಗಿ ಆಟಗಾರ ತನ್ನ ದೇಹವನ್ನೇ ಬೆಲೆಯಾಗಿ ತೆರಬೇಕೆ ಎಂಬ ಪ್ರಶ್ನೆಯನ್ನು ಅವನ ಬದುಕು ಎತ್ತಿತು. ಇಷ್ಟರ ನಡುವೆಯೂ ಅವನು ಇತರರನ್ನು ಮರೆಯಲಿಲ್ಲ. 1987ರಲ್ಲಿ ಅವನ ಹೆಸರಿನ ಪ್ರತಿಷ್ಠಾನ ಸ್ಥಾಪನೆಯಾಗಿ, ಬಡ ವಿದ್ಯಾರ್ಥಿ ಕ್ರೀಡಾಪಟುಗಳ ಓದಿಗೆ ನೆರವಾಯಿತು.

1984ರ ಮಾರ್ಚಿನ ಒಂದು ರಾತ್ರಿ ಕೋಲ್ಟ್ಸ್ ತಂಡದ ಒಡೆಯರು ಸಾಮಾನನ್ನೆಲ್ಲ ಲಾರಿಗಳಲ್ಲಿ ತುಂಬಿ ತಂಡವನ್ನು ಇಂಡಿಯಾನಾಪೊಲಿಸ್ ನಗರಕ್ಕೆ ಸಾಗಿಸಿಬಿಟ್ಟರು. ಯುನೈಟಸ್ ಆ ತಂಡದೊಡನೆ ಸಂಬಂಧವನ್ನು ಕಡಿದುಕೊಂಡು, ತನ್ನನ್ನು ಬೆಳೆಸಿದ ಬಾಲ್ಟಿಮೋರಿನ ಜನರೊಡನೆಯೇ ಉಳಿದನು. 2002ರ ಸೆಪ್ಟೆಂಬರ್ 11ರಂದು, ತನ್ನ ಅರವತ್ತೊಂಬತ್ತನೆಯ ವಯಸ್ಸಿನಲ್ಲಿ, ಮೇರಿಲೆಂಡಿನಲ್ಲಿ ವ್ಯಾಯಾಮ ಮಾಡುತ್ತಿರುವಾಗ ಹೃದಯಾಘಾತದಿಂದ ನಿಧನನಾದನು.

ಬಾಲ್ಟಿಮೋರಿನ ಕ್ರೀಡಾಂಗಣದ ಮುಂದೆ ಚೆಂಡನ್ನೆತ್ತಿ ಎಸೆಯಲು ಸಿದ್ಧನಾದ ಯುನೈಟಸ್‌ನ ಪ್ರತಿಮೆ ನಿಂತಿದೆ. ಅದರ ಬೂಟನ್ನು ಶುಭವೆಂದು ಮುಟ್ಟಿ ಹೋಗುವವರುಂಟು. ಆದರೆ ಅವನ ಬಾಳನ್ನು ನಡೆಸಿದ್ದು ಅದೃಷ್ಟವಲ್ಲ. ಸಣ್ಣವನೆಂದು, ಬೇಡವೆಂದು ಬಾಗಿಲು ಮುಚ್ಚಿದ ಪ್ರತಿ ಬಾರಿಯೂ ಅವನು ಮತ್ತೊಂದು ಬಾಗಿಲನ್ನು ತಟ್ಟಿದನು. ಗಾಜಿನ ಚೂರುಗಳ ಬಯಲಿನಲ್ಲಿಯೂ ಮಹಾಪಂದ್ಯಕ್ಕೆ ತಕ್ಕ ಶ್ರದ್ಧೆಯಿಂದ ಆಡಿದನು. ಅವನ ಹಿರಿಮೆಯ ಗುಟ್ಟು ಅದರಲ್ಲಿಯೇ ಇದೆ.