ಪೋಪರ ಉಂಗುರ ತೊಟ್ಟ ಆಂಗ್ಲಿಕನ್ ಆರ್ಚ್‌ಬಿಷಪ್: ಮೈಕೆಲ್ ರಾಮ್ಸೆ

ಬಿಷಪರು ನಮ್ಮ ಚರ್ಚಿಗೆ ಭೇಟಿ ನೀಡಿದಾಗ ಹಿರಿಯರು ಅವರ ಉಂಗುರಕ್ಕೆ ಮುತ್ತಿಟ್ಟು ಗೌರವ ಸಲ್ಲಿಸುವುದನ್ನು ನಾವೆಲ್ಲ ಕಂಡಿದ್ದೇವೆ. ಬಿಷಪರ ಉಂಗುರ ಬರೀ ಆಭರಣವಲ್ಲ, ತನ್ನ ಧರ್ಮಸಭೆಯೊಂದಿಗೆ ಅವರಿಗಿರುವ ಬಿಡಿಸಲಾಗದ ನಂಟಿನ ಗುರುತು. ಅಂಥ ಉಂಗುರವನ್ನು ಪೋಪರೇ ತಮ್ಮ ಬೆರಳಿನಿಂದ ತೆಗೆದು, ನಾನ್ನೂರಕ್ಕೂ ಹೆಚ್ಚು ವರ್ಷಗಳಿಂದ ರೋಮಿನಿಂದ ದೂರವಾಗಿದ್ದ ಸಭೆಯ ಮುಖ್ಯಸ್ಥರೊಬ್ಬರಿಗೆ ತೊಡಿಸಿದ್ದರೆಂದರೆ ನಂಬುವಿರಾ? ಹೌದು, 1966ರ ಮಾರ್ಚ್ 24ರಂದು ಇದು ನಡೆಯಿತು. ಆ ಉಂಗುರ ಪಡೆದವರು ಕ್ಯಾಂಟರ್ಬರಿಯ 100ನೇ ಆರ್ಚ್‌ಬಿಷಪ್, ದೈವಶಾಸ್ತ್ರಜ್ಞ ಆರ್ಥರ್ ಮೈಕೆಲ್ ರಾಮ್ಸೆ. ಅವರ ಬದುಕನ್ನು ಇಲ್ಲಿ ನೆನಪು ಮಾಡಿಕೊಳ್ಳೋಣ.

ಮೈಕೆಲ್ ಹುಟ್ಟಿದ್ದು 1904ರ ನವೆಂಬರ್ 14ರಂದು, ಇಂಗ್ಲೆಂಡಿನ ಕೇಂಬ್ರಿಜ್‌ನಲ್ಲಿ. ತಂದೆ ಕೇಂಬ್ರಿಜ್‌ನ ಮ್ಯಾಗ್ಡಲಿನ್ ಕಾಲೇಜಿನಲ್ಲಿ ಗಣಿತದ ಪ್ರಾಧ್ಯಾಪಕರು, ಕಾಂಗ್ರಿಗೇಶನಲ್ ಪಂಗಡದ ನಿಷ್ಠಾವಂತ ಸದಸ್ಯರು. ಮೈಕೆಲ್ ನಾಚಿಕೆ ಸ್ವಭಾವದ ಹುಡುಗ. ಆದರೆ ವೇದಿಕೆ ಏರಿದರೆ ಒಳ್ಳೆಯ ಮಾತುಗಾರ. 1926ರಲ್ಲಿ ಕೇಂಬ್ರಿಜ್ ಯೂನಿಯನ್ ಚರ್ಚಾಕೂಟದ ಅಧ್ಯಕ್ಷರಾದರು. ರಾಜಕೀಯಕ್ಕೆ ಹೋಗುತ್ತಾರೆಂದೇ ಹಲವರು ಎಣಿಸಿದ್ದರು. ಆದರೆ ಅಷ್ಟರಲ್ಲಿ ಆಂಗ್ಲಿಕನ್ ಸಭೆಯ ಕಥೋಲಿಕ ಪರಂಪರೆಯ ಆರಾಧನೆ ಅವರ ಮನಸ್ಸನ್ನು ಸೆಳೆದಿತ್ತು. ಅವರು ಕಡ್ಸ್‌ಡನ್ ಗುರುಮಠವನ್ನು ಸೇರಿದರು.

ದೇವರ ಕರೆಗೆ ಓಗೊಟ್ಟವರಿಗೆ ಹಾದಿ ಹೂವಿನದ್ದಾಗಿರುತ್ತದೆಯೇ? 1927ರಲ್ಲಿ, ತಂದೆಯೇ ಓಡಿಸುತ್ತಿದ್ದ ಕಾರು ಅಪಘಾತಕ್ಕೀಡಾಗಿ ತಾಯಿ ತೀರಿಕೊಂಡರು. ಆ ಆಘಾತದಿಂದ ಮೈಕೆಲರ ಮನಸ್ಸು ಕುಸಿಯಿತು, ಚಿಕಿತ್ಸೆ ಪಡೆಯಬೇಕಾಯಿತು. ಹಾಗಿದ್ದರೂ 1928ರಲ್ಲಿ ಡೀಕನ್ ದೀಕ್ಷೆ ಪಡೆದು ಲಿವರ್‌ಪೂಲ್‌ನಲ್ಲಿ ಸಹಾಯಕ ಗುರುವಾಗಿ ಸೇವೆ ಆರಂಭಿಸಿದರು. 1930ರ ಜನವರಿಯಲ್ಲಿ ಇನ್ನೊಂದು ಪೆಟ್ಟು ಬಿತ್ತು. ಅಣ್ಣ ಫ್ರಾಂಕ್ 26ರ ಹರೆಯದಲ್ಲೇ ಅಗಲಿದರು. ಗಣಿತ, ತರ್ಕಶಾಸ್ತ್ರ, ಅರ್ಥಶಾಸ್ತ್ರ ಮೂರರಲ್ಲೂ ಇಂದಿಗೂ ಹೆಸರು ಉಳಿಸಿಕೊಂಡಿರುವ ಪ್ರತಿಭಾವಂತ ಆತ. ಆದರೆ ದೇವರನ್ನು ನಂಬದವರು. ಅಣ್ಣ ನಾಸ್ತಿಕ, ತಮ್ಮ ಯಾಜಕ. ಇಬ್ಬರ ನಡುವಿನ ಪ್ರೀತಿಗೆ ಮಾತ್ರ ಇದು ಅಡ್ಡಿಯಾಗಿರಲಿಲ್ಲ. ಮುಂದೆ ಆರ್ಚ್‌ಬಿಷಪರಾದಾಗ ರಾಮ್ಸೆಯವರು, ಸ್ವರ್ಗದಲ್ಲಿ ಅನೇಕ ನಾಸ್ತಿಕರನ್ನೂ ಕಾಣುವ ನಿರೀಕ್ಷೆ ತಮಗಿದೆಯೆಂದು ಹೇಳಿ ಹಲವರ ಹುಬ್ಬೇರಿಸಿದರು. ಆ ಮಾತನ್ನು ಓದುವಾಗ ಫ್ರಾಂಕ್ ನಮ್ಮ ನೆನಪಿಗೆ ಬಾರದಿರಲು ಸಾಧ್ಯವೇ?

1936ರಲ್ಲಿ, 31ರ ಪ್ರಾಯದಲ್ಲಿ, ಅವರು ಶುಭಸಂದೇಶ ಮತ್ತು ಕಥೋಲಿಕ ಧರ್ಮಸಭೆಯ ಸಂಬಂಧದ ಬಗ್ಗೆ ಬರೆದ ಗ್ರಂಥ ಪ್ರಕಟವಾಯಿತು. ಕ್ರಿಸ್ತರ ಮರಣ ಮತ್ತು ಪುನರುತ್ಥಾನದಿಂದಲೇ ಧರ್ಮಸಭೆ ಹುಟ್ಟಿತು. ಬಿಷಪರ ಪದವಿ, ಸಂಸ್ಕಾರಗಳು ಎಲ್ಲವೂ ನಮ್ಮನ್ನು ಶಿಲುಬೆಯ ಬಳಿಗೆ ಕರೆದೊಯ್ಯಲು ಇರುವಂಥವು ಎಂಬುದು ಅದರ ಸಾರ. ಸಭೆಗಳು ಒಂದಾಗಬೇಕಾದರೆ ಪ್ರತಿಯೊಂದು ಸಭೆಯೂ ತನ್ನ ಹಮ್ಮಿಗೆ ಸಾಯಬೇಕು ಎಂದು ಅವರು ವಾದಿಸಿದರು. 1949ರಲ್ಲಿ ಕ್ರಿಸ್ತರ ರೂಪಾಂತರದ ಬಗ್ಗೆ ಮತ್ತೊಂದು ಗ್ರಂಥ ಬಂತು.

1940ರಲ್ಲಿ ಡರ್ಹಮ್‌ನಲ್ಲಿ ದೈವಶಾಸ್ತ್ರದ ಪ್ರಾಧ್ಯಾಪಕರಾದ ರಾಮ್ಸೆಯವರು 1942ರಲ್ಲಿ ಜೋನ್ ಹ್ಯಾಮಿಲ್ಟನ್‌ರನ್ನು ವಿವಾಹವಾದರು. 1952ರಲ್ಲಿ ಡರ್ಹಮ್‌ನ ಬಿಷಪ್, 1956ರಲ್ಲಿ ಯಾರ್ಕ್‌ನ ಆರ್ಚ್‌ಬಿಷಪ್, 1961ರಲ್ಲಿ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಆದರು. ಸ್ವಾರಸ್ಯವೆಂದರೆ, ಅವರಿಗಿಂತ ಮೊದಲು ಆ ಪೀಠದಲ್ಲಿದ್ದ ಜೆಫ್ರಿ ಫಿಶರ್ ಒಂದು ಕಾಲಕ್ಕೆ ಅವರ ಶಾಲೆಯ ಮುಖ್ಯೋಪಾಧ್ಯಾಯರು! ತಮ್ಮ ಹಳೆಯ ಶಿಷ್ಯ ತಮ್ಮ ಪೀಠಕ್ಕೆ ಬರುವುದು ಫಿಶರ್ ಅವರಿಗೆ ಅಷ್ಟೇನೂ ಒಪ್ಪಿಗೆಯಿರಲಿಲ್ಲ.

ಪುಸ್ತಕಗಳ ನಡುವೆ ಬೆಳೆದ ಈ ವಿದ್ವಾಂಸ ಸಮಾಜದ ಪ್ರಶ್ನೆಗಳಿಂದ ದೂರ ಉಳಿಯಲಿಲ್ಲ. 1968ರಲ್ಲಿ ಬ್ರಿಟಿಷ್ ಸರಕಾರವು ಕೀನ್ಯಾದಲ್ಲಿದ್ದ ಏಷ್ಯನ್ನರು ಬ್ರಿಟನ್ನಿಗೆ ಬರುವುದನ್ನು ತಡೆಯಲು ತರಾತುರಿಯಲ್ಲಿ ಕಾಯಿದೆ ತಂದಿತು. ಬ್ರಿಟಿಷ್ ಪಾಸ್‌ಪೋರ್ಟ್ ಇದ್ದೂ ಬಾಗಿಲು ಮುಚ್ಚಿಸಿಕೊಂಡ ಅವರಲ್ಲಿ ಬಹುಪಾಲು ಭಾರತೀಯ ಮೂಲದವರು. ಕೊಟ್ಟ ಮಾತಿಗೆ ದೇಶ ತಪ್ಪುತ್ತಿದೆಯೆಂದು ರಾಮ್ಸೆ ಲಾರ್ಡ್ಸ್ ಸಭೆಯಲ್ಲಿ ವಿರೋಧಿಸಿದರು. ಇದಕ್ಕಾಗಿ ಅವರು ದ್ವೇಷದ ಪತ್ರಗಳನ್ನೂ ಬೆದರಿಕೆಗಳನ್ನೂ ಎದುರಿಸಬೇಕಾಯಿತು. 1970ರಲ್ಲಿ ದಕ್ಷಿಣ ಆಫ್ರಿಕಾಕ್ಕೆ ಹೋಗಿ ಪ್ರಧಾನಿ ಫೋರ್ಸ್ಟರ್ ಅವರ ಎದುರಿಗೇ ವರ್ಣಭೇದ ನೀತಿಯನ್ನು ಖಂಡಿಸಿದರು.

ಈಗ ಉಂಗುರದ ಕಥೆಗೆ ಬರೋಣ. 16ನೇ ಶತಮಾನದಲ್ಲಿ ದೊರೆ 8ನೇ ಹೆನ್ರಿಯ ಕಾಲದಲ್ಲಿ ಇಂಗ್ಲೆಂಡಿನ ಸಭೆ ರೋಮಿನಿಂದ ಬೇರ್ಪಟ್ಟಿತು. 1896ರಲ್ಲಿ 13ನೇ ಲಿಯೋ ಜಗದ್ಗುರುಗಳು ಆಂಗ್ಲಿಕನ್ ಯಾಜಕ ದೀಕ್ಷೆ ಊರ್ಜಿತವಲ್ಲವೆಂದು ಸಾರಿದರು. 1960ರಲ್ಲಿ ಫಿಶರ್, 23ನೇ ಜಾನ್ ಜಗದ್ಗುರುಗಳನ್ನು ಭೇಟಿಯಾದರೂ ಅದು ಸೌಜನ್ಯದ ಖಾಸಗಿ ಭೇಟಿಯಾಗಿತ್ತು. ದ್ವಿತೀಯ ವ್ಯಾಟಿಕನ್ ಮಹಾಸಭೆ ಮುಗಿದ ಮೂರೇ ತಿಂಗಳಲ್ಲಿ, 1966ರ ಮಾರ್ಚ್ 23ರಂದು, 6ನೇ ಪೌಲ್ ಜಗದ್ಗುರುಗಳು ಸಿಸ್ಟೀನ್ ಪ್ರಾರ್ಥನಾಲಯದಲ್ಲಿ ರಾಮ್ಸೆಯವರನ್ನು ಬಹಿರಂಗವಾಗಿ ಬರಮಾಡಿಕೊಂಡರು. ಇದನ್ನು ಪ್ರತಿಭಟಿಸಲು ಕೆಲವು ಪ್ರೊಟೆಸ್ಟೆಂಟ್ ಬೋಧಕರು ರೋಮಿನವರೆಗೂ ಹೋಗಿದ್ದರು. ಮರುದಿನ ಸಂತ ಪೌಲರ ಮಹಾದೇವಾಲಯದಲ್ಲಿ ಇಬ್ಬರೂ ಜೊತೆಯಾಗಿ ಪ್ರಾರ್ಥಿಸಿ, ಶುಭಸಂದೇಶ ಹಾಗೂ ಪುರಾತನ ಸಮಾನ ಪರಂಪರೆಯ ಆಧಾರದಲ್ಲಿ ಸಂವಾದ ನಡೆಸುವ ಜಂಟಿ ಘೋಷಣೆಗೆ ಸಹಿ ಹಾಕಿದರು.

ಬೀಳ್ಕೊಡುವ ಹೊತ್ತಿನಲ್ಲಿ ಜಗದ್ಗುರುಗಳು ರಾಮ್ಸೆಯವರ ಉಂಗುರ ತೆಗೆಯುವಂತೆ ಕೇಳಿಕೊಂಡು, ತಾವು ಮಿಲಾನಿನ ಆರ್ಚ್‌ಬಿಷಪರಾಗಿದ್ದಾಗ ಅಲ್ಲಿನ ಜನ ಕೊಟ್ಟಿದ್ದ ಉಂಗುರವನ್ನು ಅವರ ಬೆರಳಿಗೆ ತೊಡಿಸಿದರು. ರಾಮ್ಸೆ ಅತ್ತುಬಿಟ್ಟರು. 1896ರ ತೀರ್ಪು ಬದಲಾಗಲಿಲ್ಲ. ಆದರೆ ಕಾಗದದಲ್ಲಿ ಹೇಳಲಾಗದ ಮಾತನ್ನು ಒಂದು ಉಂಗುರ ಹೇಳಿತು ಎಂದರೆ ತಪ್ಪಾಗಲಾರದು. 1970ರಲ್ಲಿ ಎರಡೂ ಸಭೆಗಳ ಅಂತರರಾಷ್ಟ್ರೀಯ ಆಯೋಗ ಸಂವಾದ ಆರಂಭಿಸಿತು. 1971ರಲ್ಲಿ ಪರಮಪ್ರಸಾದದ ಬಗ್ಗೆ ಅದರ ಮೊದಲ ಒಮ್ಮತದ ಹೇಳಿಕೆ ಸಿದ್ಧವಾಯಿತು.

ಎಲ್ಲವೂ ಅವರೆಣಿಸಿದಂತೆ ನಡೆಯಲಿಲ್ಲ. ಮೆಥಡಿಸ್ಟ್ ಸಭೆಯೊಂದಿಗೆ ಒಂದಾಗುವ ಯೋಜನೆಗಾಗಿ ಅವರು ವರ್ಷಗಟ್ಟಲೆ ಶ್ರಮಿಸಿದ್ದರು. 1969ರಲ್ಲಿ ಮೆಥಡಿಸ್ಟರು ಒಪ್ಪಿದರು, ಆದರೆ ಅವರದೇ ಆಂಗ್ಲಿಕನ್ ಸಭೆಯಲ್ಲಿ ಬೇಕಾಗಿದ್ದ ಶೇಕಡಾ 75 ಮತಗಳ ಬದಲು ಸುಮಾರು 69 ಮಾತ್ರ ದೊರೆತವು. 1972ರಲ್ಲಿ ಇನ್ನೊಮ್ಮೆ ಸೋಲಾಯಿತು. ಪರರೊಂದಿಗೆ ಒಂದಾಗಲು ತನ್ನವರೇ ಒಪ್ಪದಿದ್ದಾಗ ಆಗುವ ನೋವು ಸಣ್ಣದಲ್ಲ. ಆದರೂ ಅವರು ಕಹಿಯಾಗಲಿಲ್ಲ. ಅದೇ 1972ರಲ್ಲಿ ಯಾಜಕ ಜೀವನದ ಬಗ್ಗೆ ಅವರ ಪುಸ್ತಕ ಬಂತು. ಯಾಜಕನು ತನ್ನ ಜನರನ್ನು ಹೃದಯದಲ್ಲಿ ಹೊತ್ತು ದೇವರ ಮುಂದೆ ನಿಲ್ಲಬೇಕೆಂಬುದೇ ಅದರ ತಿರುಳು.

1974ರಲ್ಲಿ ನಿವೃತ್ತರಾದ ರಾಮ್ಸೆಯವರು 1988ರ ಏಪ್ರಿಲ್ 23ರಂದು ಆಕ್ಸ್‌ಫರ್ಡ್‌ನಲ್ಲಿ ದೈವಾಧೀನರಾದರು. ಪೋಪರ ಉಂಗುರವನ್ನು ಅವರು ಜೀವಮಾನದ ಕೊನೆಯವರೆಗೂ ಧರಿಸಿದ್ದರು. ಅವರ ಬಳಿಕ ಬಂದ ಆರ್ಚ್‌ಬಿಷಪರು ಪೋಪರ ಭೇಟಿಗೆ ರೋಮಿಗೆ ಹೋಗುವಾಗ ಅದನ್ನು ತೊಟ್ಟುಕೊಂಡಿದ್ದಾರೆ.

ಜನವರಿಯ ಕ್ರೈಸ್ತ ಐಕ್ಯತಾ ಸಪ್ತಾಹದಲ್ಲಿ ನಾವು ಇತರ ಸಭೆಗಳ ಸಹೋದರ ಸಹೋದರಿಯರ ಜೊತೆ ಒಂದು ಸಂಜೆ ಪ್ರಾರ್ಥಿಸಿ ಮನೆಗೆ ಮರಳುತ್ತೇವೆ. ಮತ್ತೆ ಉಳಿದ ದಿನಗಳಲ್ಲಿ? ಪಕ್ಕದ ರಸ್ತೆಯ ಚರ್ಚಿನವರ ಹೆಸರಾದರೂ ನಮಗೆ ಗೊತ್ತಿದೆಯೇ? ಒಂದು ದಿನ ತೊಟ್ಟ ಉಂಗುರವನ್ನು ರಾಮ್ಸೆ 22 ವರ್ಷ ಕಳಚಲಿಲ್ಲ. ಐಕ್ಯತೆಯೂ ಹಾಗೆಯೇ, ದಿನಾಲೂ ಧರಿಸಬೇಕಾದದ್ದು.