ಕಾರ್ಯಪ್ಪನವರು ಸೋತ ಚುನಾವಣೆ

ಯಲಹಂಕದ ನಮ್ಮ ಬಡಾವಣೆಯಲ್ಲಿ ನಿವೃತ್ತ ಸೈನಿಕರು ಬಹಳ ಮಂದಿ ಇದ್ದಾರೆ. ಪ್ರತಿ ವರ್ಷ ಜನವರಿ 15ರಂದು ಅವರು ಫೀಲ್ಡ್ ಮಾರ್ಷಲ್ ಕೆ.ಎಂ. ಕಾರ್ಯಪ್ಪನವರ ಭಾವಚಿತ್ರಕ್ಕೆ ಮಾಲೆ ಹಾಕುತ್ತಾರೆ. 1949ರ ಅದೇ ದಿನ ಅವರು ಜನರಲ್ ರಾಯ್ ಬುಚರ್ ಅವರಿಂದ ಅಧಿಕಾರ ವಹಿಸಿಕೊಂಡು ಸೇನೆಯ ಪ್ರಥಮ ಭಾರತೀಯ ಮುಖ್ಯಸ್ಥರಾದರು. ನಾನೂ ತಪ್ಪದೆ ಹೋಗುತ್ತೇನೆ. ಆದರೆ ಅಲ್ಲಿನ ಭಾಷಣಗಳಲ್ಲಿ ಎಂದೂ ಬಾರದ ಒಂದು ಪ್ರಸಂಗವಿದೆ.

ಕೊಡಗಿನ ಶನಿವಾರಸಂತೆಯಲ್ಲಿ ಹುಟ್ಟಿದ ಕಾರ್ಯಪ್ಪನವರು 1919ರಲ್ಲಿ ಇಂದೂರಿನ ಡೇಲಿ ಕಾಲೇಜಿನಿಂದ ಸೇನಾಧಿಕಾರಿಯಾಗಿ ಹೊರಬಂದರು. ಕ್ವೆಟ್ಟಾದ ಸ್ಟಾಫ್ ಕಾಲೇಜಿಗೆ ಪ್ರವೇಶ ಪಡೆದ ಮೊದಲ ಭಾರತೀಯ ಅವರು. ಕಾಶ್ಮೀರದ ಮೊದಲ ಯುದ್ಧದಲ್ಲಿ ಪಶ್ಚಿಮ ವಲಯದ ಸೈನ್ಯವನ್ನು ನಡೆಸಿದರು. 1953ರಲ್ಲಿ ಪದವಿಯಿಂದಿಳಿದು ಆಸ್ಟ್ರೇಲಿಯಾಕ್ಕೆ ಹೈಕಮಿಷನರ್ ಆಗಿ ತೆರಳಿದರು. ಐದು ವರ್ಷಗಳ ಬಳಿಕ ನೆರೆಯ ಪಾಕಿಸ್ತಾನದಲ್ಲಿ ಜನರಲ್ ಅಯೂಬ್ ಖಾನ್ ದೇಶವನ್ನೇ ಕೈವಶ ಮಾಡಿಕೊಂಡರು. ಅದನ್ನು ನೆನೆದರೆ ಕಾರ್ಯಪ್ಪನವರ ನಿರ್ಗಮನದ ಬೆಲೆ ತಿಳಿಯುತ್ತದೆ.

ವಿಚಿತ್ರವೆಂದರೆ, ಸೇನೆಯನ್ನು ರಾಜಕೀಯದಿಂದ ದೂರವಿಟ್ಟ ಅವರೇ ಇಳಿವಯಸ್ಸಿನಲ್ಲಿ ಬೇರೆ ಮಾತಾಡತೊಡಗಿದರು. ಪಕ್ಷಗಳ ಕಚ್ಚಾಟ, ಅಶಿಸ್ತುಗಳಿಂದ ಬೇಸತ್ತು, ಕೆಲಕಾಲ ರಾಷ್ಟ್ರಪತಿ ಆಳ್ವಿಕೆಯೊಡನೆ ಸೇನಾ ಆಡಳಿತ ಬರಲೆಂದು 1970ರ ಸುಮಾರಿನಲ್ಲಿ ಬಹಿರಂಗವಾಗಿಯೇ ವಾದಿಸಿದರು. 1971ರ ಲೋಕಸಭಾ ಚುನಾವಣೆಯಲ್ಲಿ ಮುಂಬಯಿ ಈಶಾನ್ಯ ಕ್ಷೇತ್ರದಿಂದ ಶಿವಸೇನೆಯ ಬೆಂಬಲದೊಂದಿಗೆ ಸ್ಪರ್ಧಿಸಿದರು. ಭೂಮಿಪುತ್ರರ ಹೆಸರಿನಲ್ಲಿ ದಕ್ಷಿಣ ಭಾರತೀಯರ ವಿರುದ್ಧ ಎದ್ದಿದ್ದ ಪಕ್ಷ, ಕೊಡಗಿನ ಅಭ್ಯರ್ಥಿ! ಇಂದಿರಾ ಗಾಂಧಿಯವರ ಅಲೆಯಲ್ಲಿ ಕಾರ್ಯಪ್ಪನವರು ಸೋತರು.

ಅವರನ್ನು ಹಳಿಯಲು ನನಗೆ ಮನಸ್ಸಿಲ್ಲ. ದಶಕಗಳ ಕಾಲ ಸರ್ಕಾರಿ ಕಡತಗಳ ನಡುವೆ ಕಳೆದ ನನಗೂ ಆ ಅಸಹನೆ ಹೊಸದಲ್ಲ. ಒಬ್ಬ ಕಟ್ಟುನಿಟ್ಟಿನ ಜನರಲ್ ಬಂದರೆ ಎಲ್ಲವೂ ಸರಿಹೋದೀತೆಂದು ನನಗೂ ಅನಿಸಿದ್ದುಂಟು. ಆದರೆ ಪೋಲೆಂಡಿನಲ್ಲಿ ಮಾರ್ಷಲ್ ಪಿಲ್ಸುಡ್ಸ್ಕಿ 1926ರಲ್ಲಿ ಇಂಥದೇ ಬೇಸರದಿಂದ ಸೈನ್ಯದೊಡನೆ ರಾಜಧಾನಿಗೆ ನುಗ್ಗಿದ್ದರು. ಕಾರ್ಯಪ್ಪನವರು ಮತ ಕೇಳಿದರು, ಜನ ಒಲ್ಲೆನೆಂದಾಗ ಮಡಿಕೇರಿಯ ತಮ್ಮ ರೋಶನಾರಾ ಮನೆಗೆ ಮರಳಿದರು. ಈ ವ್ಯತ್ಯಾಸ ಸಣ್ಣದಲ್ಲ.

1986ರಲ್ಲಿ ಅವರಿಗೆ ಫೀಲ್ಡ್ ಮಾರ್ಷಲ್ ಪದವಿ ದೊರೆಯಿತು. 1993ರ ಮೇ 15ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ಕಳೆದ ಬಾರಿಯ ಸಭೆಯಲ್ಲಿ ಆ ಚುನಾವಣೆಯ ಮಾತೆತ್ತಿದೆ. ವೃದ್ಧ ಸುಬೇದಾರರೊಬ್ಬರು, ಅದೆಲ್ಲ ಈಗೇಕೆ ಸ್ವಾಮಿ ಎಂದು ಮೆಲ್ಲಗೆ ಕೇಳಿ, ನನ್ನ ಕೈಗೆ ಕಾಫಿಯ ಲೋಟ ಕೊಟ್ಟರು.